ನಗುವಿನ ಶಾಟ್

“ಇದೂ ಒಂದು ಅಳುವಾ? ಈರುಳ್ಳಿ ಹೆಚ್ಚೋಳು ಇದಕ್ಕಿಂತ ಚೆನ್ನಾಗಿ ಅಳ್ತಾಳೆ!”

ಸೊಲಾಂಜ್ ಕೆರ್ಮಾರೆಕ್ ಕೂಗಿದ್ದು ಇಡೀ ಸ್ಟುಡಿಯೋಗೆ ಕೇಳಿಸಿತು. ಬೆಳಗಿನಿಂದ ಅದೇ ದೃಶ್ಯ. ಕಡಲಿಗೆ ಹೋದ ಗಂಡ ಮುಳುಗಿದನೆಂದು ಅತ್ತೆ ಹೇಳಬೇಕು, ಸೊಸೆ ಕುಸಿಯಬೇಕು. ಅತ್ತೆಯ ಪಾತ್ರ ಸೊಲಾಂಜಳದು. ನಿರ್ದೇಶನವೂ ಅವಳದೇ.

ಪ್ಯಾರಿಸಿನ ಚಿತ್ರರಂಗದಲ್ಲಿ ಅವಳು ಮಾಡದ ಕೆಲಸವಿರಲಿಲ್ಲ. ಹುಡುಗಿಯಾಗಿದ್ದಾಗ ಸಂಕಲನದ ಕೋಣೆಯಲ್ಲಿ ರೀಲು ಅಂಟಿಸಿದಳು. ಮೂಕಿ ಚಿತ್ರಗಳಲ್ಲಿ ನಾಯಕಿಯಾದಳು. ಪರದೆಗೆ ಮಾತು ಬಂದಾಗ ಸಂಭಾಷಣೆ ಬರೆದಳು. ಯುದ್ಧ ಮುಗಿದ ಮೇಲೆ ನಿರ್ದೇಶಕಿ. ಕ್ಯಾಮೆರಾದ ಎರಡೂ ಬದಿ ಬಲ್ಲವಳೆಂದು ಪತ್ರಿಕೆಗಳು ಹೊಗಳುತ್ತಿದ್ದವು. ಎರಡೂ ಬದಿಯಿಂದ ಕಚ್ಚುವವಳೆಂದು ನಟರು ಗೊಣಗುತ್ತಿದ್ದರು. ಒಬ್ಬ ನಟನ ಕಣ್ಣಲ್ಲಿ ಭಯ ಸಾಲದೆಂದು, ಅವನಿಗೆ ಹೇಳದೆ ಬೆನ್ನ ಹಿಂದೆ ನಿಜವಾದ ಗುಂಡು ಹಾರಿಸಿದವಳು ಅವಳು.

ಸೊಸೆಯಾಗಿದ್ದವಳು ಜೋಸಿಯಾನ್. ಮೊದಲ ಚಿತ್ರ. ಅವಳಿಗಿದ್ದದ್ದು ಅಪ್ಪ ಒಬ್ಬನೇ. ಅವನು ಆಸ್ಪತ್ರೆಯಲ್ಲಿದ್ದ. ಚಿತ್ರೀಕರಣ ಮುಗಿದೊಡನೆ ದಿನವೂ ಅಲ್ಲಿಗೆ ಓಡುತ್ತಿದ್ದಳು.

ಊಟದ ನಂತರ ಸೊಲಾಂಜ್ ಅತ್ತೆಯ ಕಪ್ಪು ಉಡುಪಿನಲ್ಲೇ ಬಂದು ಹುಡುಗಿಯ ಎದುರು ಕೂತಳು. ಕ್ಯಾಮೆರಾ ಓಡಿಸುವಂತೆ ಬೆರಳಲ್ಲಿ ಸನ್ನೆ ಮಾಡಿದಳು. ಆದರೆ ಬರೆದಿದ್ದ ಮಾತು ಆಡಲಿಲ್ಲ.

“ಜೋಸಿ, ಆಸ್ಪತ್ರೆಯಿಂದ ಫೋನ್ ಬಂದಿತ್ತು. ನಿಮ್ಮಪ್ಪ ಹೋಗ್ಬಿಟ್ರು, ಮಗಳೇ.”

ಜೋಸಿಯಾನ್ ಅಳಲಿಲ್ಲ. ಸೊಲಾಂಜಳ ತೋಳು ಹಿಡಿದಳು. ಆಮೇಲೆ ಕರುಳು ಹರಿದಂಥ ಕೂಗು. ದೀಪ ಹಿಡಿದವರು ಮುಖ ತಿರುಗಿಸಿದರು. ಸೊಲಾಂಜ್ ಮಾತ್ರ ಅವಳನ್ನು ಎದೆಗೊತ್ತಿಕೊಂಡು, ಆ ಮುಖ ಬೆಳಕಿಗೆ ಬೀಳುವಂತೆ ಮೆಲ್ಲನೆ ತಿರುಗಿಸಿದಳು.

“ಕಟ್.”

ಸಹಾಯಕ ಬೆರ್ತ್ರಾಂ ಅಡ್ಡ ಬಂದ. “ಥೂ! ಸಾವಿನ ಹೆಸರಲ್ಲೂ ನಾಟಕವಾ, ಮದಾಂ? ನಿಮಗೆ ಮಕ್ಕಳಿಲ್ಲದ್ದೇ ಒಳ್ಳೇದಾಯ್ತು.”

“ನನ್ನ ಬೈಯೋಕೆ ಸಂಜೆ ಇದೆ. ಮುಂದಿನ ವಾರದ ದೃಶ್ಯ ಈಗಲೇ ತೆಗೀಬೇಕು. ಗಂಡ ಬದುಕಿದ್ದಾನೆ ಅಂತ ಸೊಸೆಗೆ ಗೊತ್ತಾಗೋದು. ಓಡಿಸಿ ಕ್ಯಾಮೆರಾನ.”

ಅಷ್ಟರಲ್ಲಿ ನೆಲಕ್ಕೆ ಕುಸಿದಿದ್ದ ಹುಡುಗಿಯ ಗಲ್ಲ ಹಿಡಿದೆತ್ತಿದಳು. “ಏ ಹುಚ್ಚಿ, ಸುಳ್ಳು ಹೇಳಿದೆ ಕಣೇ! ನಿಮ್ಮಪ್ಪ ಗಟ್ಟಿಯಾಗಿದ್ದಾರೆ. ಸೂಪ್ ಸಪ್ಪೆ ಅಂತ ನರ್ಸ್ ಜತೆ ಜಗಳ ಆಡಿದ್ರಂತೆ. ಬರ್ತಾ ಕಿತ್ತಳೆ ತರಬೇಕಂತೆ ನೀನು.”

ಜೋಸಿಯಾನ್ ನಂಬದೆ ನೋಡಿದಳು. ಒಮ್ಮೆಲೇ ನಕ್ಕಳು. ಸೊಲಾಂಜಳ ಎದೆಗೆ ಗುದ್ದುತ್ತ, “ಪಾಪಿ! ಮುದಿ ಪಾಪಿ!” ಎಂದು ಬೈಯುತ್ತ, ಮತ್ತೆ ಅವಳನ್ನೇ ಮುದ್ದಿಡುತ್ತ ನಕ್ಕಳು. ಅಂಥ ನಗುವನ್ನು ಅಲ್ಲಿ ಯಾರೂ ಕಂಡಿರಲಿಲ್ಲ. ಬೆರ್ತ್ರಾಂನ ಕಣ್ಣೂ ಒದ್ದೆಯಾಯಿತು.

“ಕಟ್. ಇವತ್ತಿಗೆ ಸಾಕು.”

ಹುಡುಗಿ ಬಣ್ಣವನ್ನೂ ತೊಳೆಯದೆ ಕೋಟು ಹಾಕಿಕೊಂಡು, ಮಾರುಕಟ್ಟೆ ಮುಚ್ಚುವುದರೊಳಗೆ ಕಿತ್ತಳೆ ಕೊಳ್ಳಬೇಕೆಂದು ಹೊರಗೆ ಓಡಿದಳು.

“ನನ್ನ ಕಾರು ತಗೊಂಡು ಜತೆಗೆ ಹೋಗು,” ಎಂದು ಸೊಲಾಂಜ್ ಬೆರ್ತ್ರಾಂನಿಗೆ ಹೇಳಿದಳು. “ಆ ಫೋನ್ ನಿಜವಾಗ್ಲೂ ಬಂದಿತ್ತು. ದಾರೀಲಿ ಏನೂ ಹೇಳ್ಬೇಡ. ಆಸ್ಪತ್ರೆಯವರೇ ಹೇಳಲಿ. ಇನ್ನೊಂದು ಸಲ ನಾನು ಹೇಳಿದ್ರೆ ನಂಬಲ್ಲ ಅವಳು.”