ಕುಟುಂಬ ಬದಲಾದ ಮೀನು

ಶಾಹೀನಳ ಹೊಲಿಗೆ ಅಂಗಡಿಯ ಮೆಟ್ಟಿಲು ಹತ್ತುವಾಗ ಸುದ್ದಿ ಕಾವ್ಯಾಳ ತುದಿನಾಲಿಗೆಯಲ್ಲೇ ಇತ್ತು. ವಿಜಯಪುರದ ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಕಲಿಸುವ ಆಕೆ ಇದೊಂದನ್ನು ಹೇಳಲೆಂದೇ ಬಸ್ಸು ಹತ್ತಿ ಬಬಲೇಶ್ವರಕ್ಕೆ ಬಂದಿದ್ದಳು.

“ಕಾರವಾರದಾಗ ನೀ ಹಿಡದ ಮೀನ ನೆನಪೈತೇನ? ಈಗ ವಿಜ್ಞಾನಿಗಳು ಅದನ್ನ ಗೋಬಿ ಮೀನಿನ ಕುಟುಂಬದಿಂದ ತಗದು ಬ್ಯಾರೆ ಕುಟುಂಬಕ್ಕ ಹಾಕ್ಯಾರ. ನೀ ಅಂದದ್ದ ಖರೆ ಆತು ನೋಡು!”

ಶಾಹೀನ ಮಷೀನಿನಿಂದ ಕಾಲು ತೆಗೆಯಲಿಲ್ಲ.

ಅದು ಇಬ್ಬರೂ ಒಂದೇ ತರಗತಿಯಲ್ಲಿದ್ದಾಗಿನ ಬಿ.ಎಸ್ಸಿ. ಕೊನೆಯ ವರ್ಷದ ಪ್ರವಾಸ. ನೀರಿಳಿದ ಕಡಲಂಚಿನ ಕೆಸರಿಗೆ ಹೊಟ್ಟೆಯೂರಿ ಕೂತಿದ್ದ ಬೆರಳುದ್ದದ ಮೀನನ್ನು ಶಾಹೀನ ಬೊಗಸೆಯಲ್ಲಿ ಹಿಡಿದು, “ಇದು ಗೋಬಿ ಅನಸವಲ್ದು, ಬ್ಯಾರೆ ಏನೋ ಐತಿ” ಎಂದಿದ್ದಳು. ಹೊಟ್ಟೆಯಡಿಯ ರೆಕ್ಕೆಗಳೆರಡೂ ಕೂಡಿ ಬಟ್ಟಲಿನಂತಾಗಿದ್ದುದನ್ನು ತೋರಿಸಿ, ಅದೇ ಗುರುತು, ಇದು ಗೋಬಿಯೇ ಎಂದು ಸಾಧಿಸಿದವಳು ಕಾವ್ಯಾ. ಅಷ್ಟಕ್ಕೇ ಬಿಡಲಿಲ್ಲ. “ಈಕಿಗೆ ಗೋಬಿ ಅಂದ್ರ ಮಂಚೂರಿ ಒಂದ ಗೊತ್ತು” ಎಂದು ಇಡೀ ಗುಂಪನ್ನು ನಗಿಸಿದಳು. ಆಮೇಲೆ ತರಗತಿಯಲ್ಲಿ ಶಾಹೀನಳ ಹೆಸರೇ ಮಂಚೂರಿ ಆಗಿಹೋಯಿತು. ಪರೀಕ್ಷೆಗೆ ಮುಂಚೆಯೇ ಆಕೆ ಕಾಲೇಜು ಬಿಟ್ಟಳು. ಯಾಕೆಂದು ಕಾವ್ಯಾ ವಿಚಾರಿಸಲಿಲ್ಲ.

ಮಷೀನು ನಿಂತಿತು.

“ಮೀನ ಯಾವ ಕುಟುಂಬದ್ದರ ಇರ್ಲಿ,” ಶಾಹೀನ ದಾರ ಕತ್ತರಿಸುತ್ತ ಹೇಳಿದಳು. “ನಮ್ಮ ಅಬ್ಬಾ ಪ್ರವಾಸಕ್ಕ ಬ್ಯಾಡ ಅಂದಾಗ ಮನಿಗೆ ಬಂದು ಒಪ್ಪಿಸಿದಾಕಿ ನೀನ. ಅಲ್ಲಿ ಎಲ್ಲಾರೂ ನಕ್ಕಾಗ ನಾ ನಿನ್ನ ಮಾರಿ ನೋಡಿದೆ. ಎಲ್ಲಾರಕಿಂತ ಜೋರ ನಗಾಕತ್ತಿದ್ದಿ.”

“ನಾ... ನಿನ್ನ ಮದುವಿ ಠರಾವ ಆಗಿರಬೇಕು, ಅದಕ್ಕ ಬಿಟ್ಟಿ ಅನ್ಕೊಂಡಿದ್ದೆ.”

“ಮದುವಿ ಆಗಿದ್ದು ಭಾಳ ದಿನದ ಮ್ಯಾಲ. ಅಬ್ಬಾ ಕಲಿ ಕಲಿ ಅಂತಿದ್ರು. ನನಗ ಕ್ಲಾಸಿನ ಬಾಗಲಾ ದಾಟಾಕ ಆಗ್ಲಿಲ್ಲ.”

ಸಂತೋಷದ ಸುದ್ದಿ ಎಂದು ಹೊತ್ತು ತಂದದ್ದು ಕಾವ್ಯಾಳಿಗೆ ಈಗ ನಾಚಿಕೆ ತರಿಸಿತು. ತಪ್ಪಾಯಿತು ಎನ್ನಲು ಬಾಯಿ ತೆರೆದಳು. ಅಷ್ಟರಲ್ಲಿ ಹೊಲಿಯಲು ಕೊಟ್ಟ ಕುಪ್ಪಸ ಒಯ್ಯಲು ಬಂದ ರೇಣುಕವ್ವ ಹೊಸಿಲಲ್ಲೇ ನಿಂತು ಕೇಳಿದಳು:

“ಯಾರ್ ಬೇ ಶಾಹೀನ, ನಿನ್ನ ಗೆಳತ್ಯಾರೇನ?”

ಶಾಹೀನ ಕುಪ್ಪಸವನ್ನು ಮಡಿಚಿ ಚೀಲಕ್ಕೆ ಹಾಕಿದಳು.

“ಅಲ್ರಿ. ವಿಜಾಪುರದವ್ರು. ಅಲ್ಲಿ ಕಾಲೇಜಿನ್ಯಾಗ ಮೀನದ ಬಗ್ಗೆ ಕಲಸ್ತಾರಂತ.”