ನಮ್ಮ ಪಾಲಿಗೆ ಬಂದ ಫ್ರೆಂಚ್ ಕವಿ

ಕಾಲವಾದ ಫ್ರೆಂಚ್ ಗಣ್ಯರನ್ನು ಪಾಂಡವಪುರದ ಮನೆಗಳಿಗೆ ಹಂಚಿದಾಗ ಎದುರುಮನೆಗೆ ಬಿಷಪ್ ಬಂದರು, ನಮಗೆ ಕವಿ ವಲ್ಮಾರೆ ಬಂದರು. ಇಂಥವರನ್ನು ಇದ್ದ ಹಾಗೆಯೇ ಪರಿಚಯಿಸಬೇಕು. ಸುಳ್ಳು ಹೇಳಿದರೆ ಅವರ ಮೈ ಕರಗಿಹೋಗುತ್ತದೆ.

ಇವತ್ತು ನನ್ನನ್ನು ನೋಡಲು ಗಂಡಿನ ಕಡೆಯವರು ಬಂದರು. ತಮ್ಮ ಮನೆಯಲ್ಲಿ ಫ್ರೆಂಚ್ ಸೇನಾಪತಿ ಇದ್ದಾರೆ ಎಂದು ಅವರು ಹೇಳಿದ್ದೇ ತಡ, ಅಮ್ಮ, "ನಮ್ಮ ವಲ್ಮಾರೆಯವರು ಮಂತ್ರಿಗಳಾಗಿದ್ದೋರು" ಅಂದುಬಿಟ್ಟಳು.

ವಲ್ಮಾರೆಯವರ ಬೆರಳುಗಳು ಮಾಯವಾಗಿ ಕಾಫಿ ಲೋಟ ಕೆಳಗೆ ಬಿತ್ತು. ಆದರೂ ಅವರು ತುಟಿ ಬಿಚ್ಚಲಿಲ್ಲ. ನನ್ನ ಮದುವೆ ಕೂಡಿಬರಲಿ ಎಂದೇ ಸುಮ್ಮನಿದ್ದಾರೆ ಎಂದು ತಿಳಿದು, ನಾಚಿಕೆಯಿಂದ ನನಗೆ ತಲೆಯೆತ್ತಲಾಗಲಿಲ್ಲ. ಮೊಣಕೈವರೆಗೂ ಕರಗಿದಾಗ ಹೇಗೋ ಬಾಯಿಬಿಟ್ಟೆ.

"ಅವರು ಮಂತ್ರಿ ಅಲ್ಲ, ಕವಿ."

"ಓ, ಪದ ಕಟ್ಟೋರಾ?" ಗಂಡಿನ ಸೋದರಮಾವ ನಕ್ಕರು. "ಏಳ್ರಪ್ಪ, ಹೊತ್ತಾಯ್ತು."

ಅವರು ಹೊರಟುಹೋದರು. ಅಮ್ಮ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಕೂತಳು. ವಲ್ಮಾರೆಯವರ ಕೈಗಳು ಮತ್ತೆ ಮೂಡಿದ್ದವು. ಅವನ್ನು ಜೋಡಿಸಿ ಅವರು ಅಮ್ಮನ ಮುಂದೆ ನಿಂತರು.

"ಕ್ಷಮಿಸಿ ತಾಯಿ, ನಾನು ಬರೀ ಕವಿ."