ಜಿಪ್ಸಮ್ ದರ ಏರಿದ ದಿನ

"ಮೂಟೆಗೆ ಮುನ್ನೂರ ಹತ್ತು," ಅಂದ ಫೋನಿನಲ್ಲಿ ವ್ಯಾಪಾರಿ. ಜಿಪ್ಸಮ್ ಸುಡುವ ಭಟ್ಟಿಯ ಯಜಮಾನ ಫೋನನ್ನು ಕಿವಿಗೊತ್ತಿಕೊಂಡೇ ಗೋದಾಮಿನ ಬೀಗ ತೆಗೆದ. ಗೋಡೆಗೆ ಮೆತ್ತುವ ಈ ಪುಡಿಯ ದರ ಎಂಟು ತಿಂಗಳಿಂದ ನೂರೈವತ್ತು ದಾಟಿರಲಿಲ್ಲ. "ಏರೇ ಏರುತ್ತೆ, ಕಾಯೋಣ" ಅಂತ ಹಟ ಹಿಡಿದು, ಪುಡಿಯನ್ನೆಲ್ಲ ಗೋದಾಮಿಗೆ ತುಂಬಿಸಿ ಬೀಗ ಜಡಿದವನು ಅವನೇ. ಭಟ್ಟಿ ಆರಿಸಿ ಆಳುಗಳನ್ನು ಮನೆಗೆ ಕಳಿಸಿದವನೂ ಅವನೇ.

ಒಪ್ಪಿಬಿಡಲಾ ಎಂದು ಹಿಂದೆಯೇ ಒಳಬಂದ ಹೆಂಡತಿಗೆ ಸನ್ನೆ ಮಾಡಿದ. ಅವಳು ಮೂಟೆಯೊಂದರ ಹೊಲಿಗೆ ಬಿಚ್ಚಿ, ಎಂದಿನಂತೆ ಮೊಣಕೈವರೆಗೆ ಇಳಿಸಲು ಕೈ ಹಾಕಿದಳು. ಬೆರಳೂ ಒಳಗೆ ಹೋಗಲಿಲ್ಲ. ಪಕ್ಕದ್ದನ್ನು ಬಿಚ್ಚಿದಳು, ಅದರ ಪಕ್ಕದ್ದನ್ನೂ ಬಿಚ್ಚಿದಳು. ಗೋದಾಮಿನ ತೇವ ಕುಡಿದು ಪುಡಿಯೆಲ್ಲ ಕಲ್ಲಾಗಿತ್ತು.

"ಇದು ಕಾಯೋ ಮಾಲಲ್ಲ, ಬಂದಷ್ಟಕ್ಕೆ ಕೊಟ್ಬಿಡಿ ಅಂತ ಬಡ್ಕೊಂಡೆ," ಅಂದಳು, ಮೆಲ್ಲಗೆ.

ಅವನು ಬಿಚ್ಚಿದ ಮೂಟೆಗೆ ತಾನೂ ಕೈ ಹಾಕಿ ನೋಡಿದ. "ಸುಮ್ನಾಗ್ಬಿಟ್ರಲ್ಲ. ಸರಿ, ಮುನ್ನೂರ ಮೂವತ್ತು," ಅಂದ ವ್ಯಾಪಾರಿ. ಒಂದಾದರೂ ಮೆತ್ತಗಿದ್ದೀತೆಂದು ಅವಳು ಹಿಂದಿನ ಸಾಲಿಗೆ ನುಗ್ಗಿ ಮೂಟೆ ಮೂಟೆಗೂ ಬೆರಳ ಗೆಣ್ಣಿನಿಂದ ಗುದ್ದತೊಡಗಿದಳು. ಟಕ್. ಟಕ್. ಟಕ್. ಗೆಣ್ಣು ಸುಲಿದು ರಕ್ತ ಬಂದರೂ ನಿಲ್ಲಿಸಲಿಲ್ಲ.

ವ್ಯಾಪಾರಿಯ ದನಿಗೆ ಗಾಬರಿ ಹತ್ತಿತು. "ಯಾರ್ರೀ ಅದು ಬಾಗಿಲು ಬಡೀತಿರೋದು? ಬೇರೆ ಗಿರಾಕಿನಾ? ತೆಗೀಬೇಡಿ. ಮುನ್ನೂರೈವತ್ತು ಕೊಡ್ತೀನಿ. ಲಾರಿ ಹೊರಟಾಯ್ತು ಅಂತಾನೇ ತಿಳ್ಕೊಳ್ಳಿ."